ಒಂದೇ ಪೆಪ್ಟೈಡ್, ಹಲವು ಕೆಲಸ: ಮಿದುಳಿಗೂ ದೇಹಕ್ಕೂ ನಡುವಿನ ಪುಟ್ಟ ಸಂದೇಶವಾಹಕರು

ತೂಕ ಇಳಿಸುವ ಚುಚ್ಚುಮದ್ದು ಈಗ ಎಲ್ಲರ ಬಾಯಲ್ಲೂ ಇದೆ. ವಾರಕ್ಕೊಮ್ಮೆ ಚುಚ್ಚಿಕೊಂಡರೆ ಹಸಿವೇ ತಗ್ಗುತ್ತದೆ ಅನ್ನುತ್ತಾರೆ. ಮೈಗ್ರೇನ್ ತಲೆನೋವಿಗೆ ಹೊಸ ಬಗೆಯ ಔಷಧ ಬಂದಿದೆ. ನಿದ್ದೆ ಬಾರದವರಿಗೆ, ಹಳೆಯ ನಿದ್ದೆ ಮಾತ್ರೆಗಳಿಗಿಂತ ಬೇರೆಯದೇ ದಾರಿಯಲ್ಲಿ ಕೆಲಸ ಮಾಡುವ ಮಾತ್ರೆ ಬಂದಿದೆ. ಇನ್ನೊಂದು ಕಡೆ 'ಪ್ರೀತಿಯ ಹಾರ್ಮೋನ್' ಎಂಬ ತಲೆಬರಹಗಳು ನಿಲ್ಲುವುದೇ ಇಲ್ಲ. ಆನ್‌ಲೈನ್‌ನಲ್ಲಂತೂ 'ಪೆಪ್ಟೈಡ್' ಎಂದು ಬರೆದ ಪುಟ್ಟ ಸೀಸೆಗಳು ಗಾಯ ಮಾಯಲು, ನಿದ್ದೆಗೆ, ನೆನಪಿನ ಶಕ್ತಿಗೆ ಅಂತ ಬಿಕರಿಯಾಗುತ್ತಿವೆ.

ಇವೆಲ್ಲ ಬೇರೆ ಬೇರೆ ವಿಷಯ ಅನ್ನಿಸುತ್ತವೆ, ಅಲ್ವಾ? ಆದರೆ ಇವುಗಳಲ್ಲಿ ಹೆಚ್ಚಿನವುಗಳ ಬೇರು ಒಂದೇ ಕಡೆ ಇದೆ. ನರಕೋಶಗಳು ಸಂದೇಶವಾಗಿ ಬಿಡುವ ಪೆಪ್ಟೈಡ್‌ಗಳು, ಅಂದರೆ ನ್ಯೂರೋಪೆಪ್ಟೈಡ್‌ಗಳು ಎಂಬ ಗುಂಪಿನ ಜೊತೆ ಇವುಗಳಿಗೆ ನಂಟಿದೆ. ಈ ಗುಂಪಿನ ಬಗ್ಗೆ ಒಂದು ಮಾತು ತಿಳಿದಿದ್ದರೆ ಉಳಿದದ್ದೆಲ್ಲ ಸಲೀಸು: ಇಲ್ಲಿ ಒಂದು ಅಣುವಿಗೆ ಒಂದೇ ಕೆಲಸ ಅಂತ ಇಲ್ಲ. ಅದು ಎಲ್ಲಿ ಬಿಡುಗಡೆಯಾಯಿತು, ಅದನ್ನು ಯಾವ ಕೋಶ ಓದಿಕೊಂಡಿತು ಅನ್ನುವುದರ ಮೇಲೆ ಅದರ ಅರ್ಥ ಬದಲಾಗುತ್ತದೆ. ಈ ಔಷಧಗಳ ಗುಣ, ಅಡ್ಡಪರಿಣಾಮ ಎರಡೂ ಹುಟ್ಟುವುದು ಇಲ್ಲಿಂದಲೇ.

ಪೆಪ್ಟೈಡ್ ಅಂದರೆ ಏನು?

ನಮ್ಮ ದೇಹದ ಪ್ರೋಟೀನ್‌ಗಳೆಲ್ಲ ಅಮೈನೋ ಆಮ್ಲಗಳಿಂದ ಆಗಿವೆ. ಅಮೈನೋ ಆಮ್ಲಗಳಲ್ಲಿ ಮುಖ್ಯವಾಗಿ 20 ಬಗೆ. ಇವು ಒಂದರ ಹಿಂದೆ ಒಂದು ಜೋಡಿಕೊಂಡು ಸರಪಳಿಯಾಗುತ್ತವೆ. ಸರಪಳಿ ಉದ್ದವಾಗಿದ್ದು, ಮಡಚಿಕೊಂಡು ಒಂದು ಆಕಾರಕ್ಕೆ ಬಂದರೆ ಅದು ಪ್ರೋಟೀನ್. ಸರಪಳಿ ಗಿಡ್ಡವಾಗಿದ್ದರೆ ಪೆಪ್ಟೈಡ್. ಎರಡರ ನಡುವೆ ಗೆರೆ ಎಳೆದಂತೆ ಗಡಿಯೇನೂ ಇಲ್ಲ. ಸುಮಾರು 50ರ ಒಳಗಿದ್ದರೆ ಪೆಪ್ಟೈಡ್ ಅನ್ನುವುದು ರೂಢಿ.

ನರಕೋಶಗಳು ತಯಾರಿಸಿ, ಸಂದೇಶವಾಗಿ ಹೊರಬಿಡುವ ಪೆಪ್ಟೈಡ್‌ಗಳಿಗೆ ನ್ಯೂರೋಪೆಪ್ಟೈಡ್ ಎಂದು ಹೆಸರು. ಇಂಥವು ನೂರಕ್ಕೂ ಜಾಸ್ತಿ ಗೊತ್ತಾಗಿವೆ. ಥೈರಾಯ್ಡ್ ಗ್ರಂಥಿಯ ಕೆಲಸಕ್ಕೆ ಚಾಲನೆ ಕೊಡುವ ಟಿಆರ್‌ಎಚ್ ಎಂಬುದರಲ್ಲಿ ಇರುವುದು ಮೂರೇ ಅಮೈನೋ ಆಮ್ಲ. ನೋವು ತಗ್ಗಿಸುವ ಎನ್ಕೆಫಲಿನ್‌ನಲ್ಲಿ 5. ಆಕ್ಸಿಟೋಸಿನ್‌ನಲ್ಲಿ 9. ಹಸಿವು ಹೆಚ್ಚಿಸುವ ನ್ಯೂರೋಪೆಪ್ಟೈಡ್ ವೈ ಎಂಬುದರಲ್ಲಿ 36.

ಸರಪಳಿಯಲ್ಲಿ ಒಂದೆರಡು ಬದಲಾದರೂ ಕತೆಯೇ ಬೇರೆ. ಆಕ್ಸಿಟೋಸಿನ್‌ಗೂ ವ್ಯಾಸೊಪ್ರೆಸಿನ್‌ಗೂ ವ್ಯತ್ಯಾಸ ಎರಡೇ ಅಮೈನೋ ಆಮ್ಲದ್ದು. ಮೊದಲನೆಯದು ಹೆರಿಗೆಯಲ್ಲಿ ಗರ್ಭಕೋಶವನ್ನು ಬಿಗಿಯುತ್ತದೆ. ಎರಡನೆಯದು ಮೂತ್ರಪಿಂಡಕ್ಕೆ 'ನೀರು ಹೊರಗೆ ಬಿಡಬೇಡ, ಉಳಿಸಿಕೋ' ಎಂದು ಹೇಳುತ್ತದೆ. ಮದ್ಯ ಕುಡಿದವರಿಗೆ ಪದೇ ಪದೇ ಮೂತ್ರ ಬರುವುದಕ್ಕೆ ಒಂದು ಕಾರಣ, ಮದ್ಯ ಈ ವ್ಯಾಸೊಪ್ರೆಸಿನ್ ಬಿಡುಗಡೆಯನ್ನು ತಡೆಯುವುದು.

ಮಿದುಳಲ್ಲಿ ಎರಡು ಬಗೆಯ ಮಾತು

ನರಕೋಶಗಳು ಒಂದಕ್ಕೊಂದು ರಾಸಾಯನಿಕಗಳ ಮೂಲಕ ಮಾತಾಡುತ್ತವೆ ಎಂದು ಶಾಲೆಯಲ್ಲಿ ಓದಿರುತ್ತೇವೆ. ಆಗ ಹೇಳಿಕೊಡುವುದು ಸಾಮಾನ್ಯವಾಗಿ ಗ್ಲುಟಮೇಟ್, ಡೋಪಮೈನ್, ಸೆರೊಟೋನಿನ್‌ನಂಥ ಚಿಕ್ಕ ಅಣುಗಳ ಬಗ್ಗೆ. ಇವುಗಳಲ್ಲಿ ಗ್ಲುಟಮೇಟ್‌ನಂಥದ್ದು ಎರಡು ನರಕೋಶಗಳ ನಡುವಿನ ಕಿರಿದಾದ ಸಂದಿಗೆ ಬೀಳುತ್ತದೆ, ಆಚೆ ಬದಿಯ ಕೋಶವನ್ನು ತಟ್ಟುತ್ತದೆ. ಕೆಲವೇ ಮಿಲಿಸೆಕೆಂಡುಗಳಲ್ಲಿ ಎಲ್ಲ ಮುಗಿಯುತ್ತದೆ. ಕೆಲಸ ಮುಗಿದ ಮೇಲೆ ಅಕ್ಕಪಕ್ಕದ ಕೋಶಗಳು ಅದನ್ನು ಹೀರಿಕೊಂಡು ಮತ್ತೆ ಬಳಸುತ್ತವೆ.

ಪೆಪ್ಟೈಡ್‌ಗಳ ರೀತಿಯೇ ಬೇರೆ. ಚಿಕ್ಕ ಅಣುವಿನ ಸಂದೇಶ ಪಕ್ಕದವರ ಕಿವಿಯಲ್ಲಿ ಹೇಳಿದ ಮಾತು ಎಂದುಕೊಂಡರೆ, ಪೆಪ್ಟೈಡ್ ಕೇರಿಗೆಲ್ಲ ಸಾರುವ ಡಂಗುರ. ಅದು ಸಂದಿಯಿಂದಾಚೆಗೂ ಹರಡುತ್ತದೆ, ದೂರದ ಕೋಶಗಳಿಗೂ ಮುಟ್ಟುತ್ತದೆ. ಪರಿಣಾಮ ಕಾಣಲು ಸೆಕೆಂಡುಗಳು ಬೇಕು. ನಿಮಿಷಗಟ್ಟಲೆ, ಕೆಲವೊಮ್ಮೆ ಗಂಟೆಗಟ್ಟಲೆ ಉಳಿಯುತ್ತದೆ. ಆದರೆ ಡಂಗುರ ಕೇಳುವುದು ಕಿವಿ ಇದ್ದವರಿಗೆ ಮಾತ್ರ. ಇಲ್ಲಿ ಕಿವಿಯ ಕೆಲಸ ಮಾಡುವುದು ಕೋಶದ ಮೈಮೇಲಿರುವ ರಿಸೆಪ್ಟರ್ ಎಂಬ ಪ್ರೋಟೀನ್. ಆಯಾ ಪೆಪ್ಟೈಡ್‌ಗೆ ಹೊಂದುವ ರಿಸೆಪ್ಟರ್ ಇದ್ದ ಕೋಶ ಸ್ಪಂದಿಸುತ್ತದೆ, ಇಲ್ಲದ ಕೋಶ ಸುಮ್ಮನಿರುತ್ತದೆ. ಅಷ್ಟೇ ಅಲ್ಲ, ಒಂದೇ ಪೆಪ್ಟೈಡ್‌ಗೆ ಹಲವು ಬಗೆಯ ರಿಸೆಪ್ಟರ್‌ಗಳು ಇರಬಹುದು. ಒಂದು ಕೋಶವನ್ನು ಚುರುಕು ಮಾಡಿದ ಪೆಪ್ಟೈಡ್ ಇನ್ನೊಂದನ್ನು ಮಂಕು ಮಾಡಬಹುದು.

ತಯಾರಿಕೆಯಲ್ಲೂ ವ್ಯತ್ಯಾಸ ಇದೆ. ಚಿಕ್ಕ ಅಣುಗಳನ್ನು ನರದ ತುದಿಯಲ್ಲೇ ಮತ್ತೆ ಮತ್ತೆ ತಯಾರಿಸಬಹುದು. ಪೆಪ್ಟೈಡ್‌ಗೆ ಜೀನ್ ಬೇಕು, ಪ್ರೋಟೀನ್ ತಯಾರಿಸುವ ಸರಂಜಾಮು ಬೇಕು. ಅದೆಲ್ಲ ಇರುವುದು ಮುಖ್ಯವಾಗಿ ಕೋಶದ ಒಡಲಿನಲ್ಲಿ. ಅಲ್ಲಿ ತಯಾರಾಗಿ, ಪುಟ್ಟ ಚೀಲಗಳಲ್ಲಿ ತುಂಬಿಕೊಂಡು, ನರದ ಉದ್ದಕ್ಕೂ ಸಾಗಿ ತುದಿ ಸೇರಬೇಕು. ಈ ಸಾಗಾಟದ ವೇಗ ದಿನಕ್ಕೆ ಹೆಚ್ಚೆಂದರೆ ಸುಮಾರು 40 ಸೆಂಟಿಮೀಟರ್. ಬೆನ್ನುಹುರಿಯ ಪಕ್ಕದಿಂದ ಪಾದದವರೆಗೆ ಹೋಗುವ ನರದಲ್ಲಿ ಅದು ತಲುಪಲು ಎರಡು ಮೂರು ದಿನ ಹಿಡಿಯುತ್ತದೆ! ಒಮ್ಮೆ ಬಿಟ್ಟ ಮೇಲೆ ವಾಪಸ್ ಹೀರಿಕೊಳ್ಳುವ ವ್ಯವಸ್ಥೆಯೂ ಇಲ್ಲ, ಕಿಣ್ವಗಳು ಕತ್ತರಿಸಿ ಹಾಕುತ್ತವೆ. ಹಾಗಾಗಿ ನರಕೋಶ ಪೆಪ್ಟೈಡನ್ನು ಸುಲಭಕ್ಕೆ ಖರ್ಚು ಮಾಡುವುದಿಲ್ಲ. ಸಾಮಾನ್ಯವಾಗಿ ಅದು ಜೋರಾಗಿ, ಬಿಡದೆ ಮಿಡಿಯುವಾಗ ಮಾತ್ರ ಪೆಪ್ಟೈಡ್ ಹೊರಬರುತ್ತದೆ. ನೋವು, ಹೆರಿಗೆ, ಬಾಯಾರಿಕೆ, ಭಯ, ಹಸಿವಿನಂಥ ಗಟ್ಟಿ ಸನ್ನಿವೇಶಗಳಲ್ಲಿ ಪೆಪ್ಟೈಡ್‌ಗಳ ಹೆಸರು ಮತ್ತೆ ಮತ್ತೆ ಕೇಳಿಬರುವುದಕ್ಕೆ ಇದೂ ಒಂದು ಕಾರಣ.

ಒಂದು ಗಮನಿಸಬೇಕಾದ ಸಂಗತಿ. ಒಂದೇ ನರಕೋಶದಲ್ಲಿ ಚಿಕ್ಕ ಅಣುವೂ ಪೆಪ್ಟೈಡೂ ಒಟ್ಟಿಗೆ ಇರುವುದು ಸಾಮಾನ್ಯ. ಪೆಪ್ಟೈಡ್ ಬಂದಾಗ ಮೂಲ ಸಂದೇಶ ಅಳಿಸಿಹೋಗುವುದಿಲ್ಲ. ಅದರ ಜೋರು, ಧಾಟಿ ಬದಲಾಗುತ್ತದೆ.

ಒಂದು ಪ್ರೋಟೀನ್ ಕತ್ತರಿಸಿದರೆ ಎಷ್ಟು ಪೆಪ್ಟೈಡ್?

ಇಡೀ ವಿಷಯದಲ್ಲಿ ನನಗೆ ಎಲ್ಲಕ್ಕಿಂತ ಬೆರಗು ಹುಟ್ಟಿಸುವುದು ಈ ಭಾಗ. ಪೆಪ್ಟೈಡ್ ನೇರವಾಗಿ ಗಿಡ್ಡ ಸರಪಳಿಯಾಗಿ ಹುಟ್ಟುವುದಿಲ್ಲ. ಮೊದಲು ಒಂದು ಉದ್ದನೆಯ ಪ್ರೋಟೀನ್ ತಯಾರಾಗುತ್ತದೆ. ಆಮೇಲೆ ಕಿಣ್ವಗಳು ಅದನ್ನು ನಿರ್ದಿಷ್ಟ ಜಾಗಗಳಲ್ಲಿ ಕತ್ತರಿಸುತ್ತವೆ. ಯಾವ ಕೋಶದಲ್ಲಿ ಯಾವ ಕಿಣ್ವ ಇದೆಯೋ ಅದರ ಪ್ರಕಾರ ಬೇರೆ ಬೇರೆ ತುಂಡುಗಳು ಬರುತ್ತವೆ.

ಇದಕ್ಕೆ ಒಳ್ಳೆಯ ಉದಾಹರಣೆ ಪಿಒಎಂಸಿ ಎಂಬ ಪ್ರೋಟೀನ್. ಮಿದುಳಿನ ಬುಡದಲ್ಲಿರುವ ಪಿಟ್ಯುಟರಿ ಗ್ರಂಥಿಯ ಮುಂಭಾಗದಲ್ಲಿ ಇದನ್ನು ಕತ್ತರಿಸಿದಾಗ ಎಸಿಟಿಎಚ್ ಸಿಗುತ್ತದೆ. ಅದು ರಕ್ತದಲ್ಲಿ ಸಾಗಿ, ಮೂತ್ರಪಿಂಡದ ಮೇಲಿರುವ ಅಡ್ರಿನಲ್ ಗ್ರಂಥಿಗೆ, ಒತ್ತಡ ಎದುರಿಸಲು ಬೇಕಾದ ಕಾರ್ಟಿಸಾಲ್ ಹಾರ್ಮೋನ್ ತಯಾರಿಸಲು ಹೇಳುತ್ತದೆ. ಇದೇ ಪಿಒಎಂಸಿಯನ್ನು, ಹಸಿವು ಬಾಯಾರಿಕೆ ನೋಡಿಕೊಳ್ಳುವ ಮಿದುಳಿನ ಭಾಗವಾದ ಹೈಪೋಥಲಾಮಸ್‌ನ ನರಕೋಶಗಳು ಇನ್ನಷ್ಟು ಸಣ್ಣಗೆ ಕತ್ತರಿಸುತ್ತವೆ. ಆಗ ಸಿಗುವ ಆಲ್ಫಾ-ಎಂಎಸ್‌ಎಚ್ ಎಂಬ ತುಂಡು ಹಸಿವು ತಗ್ಗಿಸುತ್ತದೆ. ಅದೇ ತುಂಡು ಚರ್ಮದಲ್ಲಿ ಬಣ್ಣದ ಕೋಶಗಳಿಗೆ ಕಪ್ಪು ಬಣ್ಣ ಮಾಡಲು ಹೇಳುತ್ತದೆ. ಇನ್ನೊಂದು ತುಂಡು ಬೀಟಾ-ಎಂಡಾರ್ಫಿನ್, ನೋವು ತಗ್ಗಿಸುವುದು.

ಈ ಒಂದು ಜೀನ್ ಕೆಟ್ಟರೆ ಏನಾಗುತ್ತದೆ? 1998ರಲ್ಲಿ ಅಂಥ ಮಕ್ಕಳ ಬಗ್ಗೆ ವರದಿ ಬಂತು. ಅವರಲ್ಲಿ ಮೂರು ತೊಂದರೆಗಳು ಒಟ್ಟಿಗೆ ಕಂಡವು. ಕಾರ್ಟಿಸಾಲ್ ಇಲ್ಲ, ತಡೆಯಲಾಗದ ಹಸಿವಿನಿಂದ ಚಿಕ್ಕಂದಿನಲ್ಲೇ ತುಂಬಾ ದಪ್ಪ ಮೈ, ಜೊತೆಗೆ ಕೆಂಪು ಕೂದಲು. ಹಸಿವು, ಕೂದಲ ಬಣ್ಣ, ಕಾರ್ಟಿಸಾಲ್ ಹಾರ್ಮೋನ್, ಮೂರಕ್ಕೂ ಏನು ಸಂಬಂಧ ಅನ್ನಿಸುತ್ತದೆ. ಪಿಒಎಂಸಿ ಗೊತ್ತಿದ್ದವರಿಗೆ ಮಾತ್ರ ಅದು ಒಂದೇ ಕತೆ. ಈ ಮಕ್ಕಳ ದೇಹದಲ್ಲಿ ಇಲ್ಲದ ಸಂದೇಶವನ್ನು ಹೊರಗಿನಿಂದ ಕೊಡುವ ಸೆಟ್ಮೆಲನೋಟೈಡ್ ಎಂಬ ಔಷಧಕ್ಕೆ ಅಮೆರಿಕದಲ್ಲಿ 2020ರಲ್ಲಿ ಅನುಮತಿ ಸಿಕ್ಕಿತು. ಹಸಿವು ತಗ್ಗಿಸುವುದಕ್ಕೆ ಕೊಡುವ ಈ ಔಷಧದಿಂದ ಚರ್ಮ ಕಪ್ಪಾಗುವುದೂ ಉಂಟು. ಕಾರಣ ಈಗಾಗಲೇ ಓದಿದ್ದೀರಿ.

ಇವು ಸಿಕ್ಕಿದ್ದು ಹೇಗೆ?

1931ರಲ್ಲಿ ಉಲ್ಫ್ ವಾನ್ ಆಯ್ಲರ್ ಮತ್ತು ಜಾನ್ ಗ್ಯಾಡಮ್ ಎಂಬ ಇಬ್ಬರು, ಕುದುರೆಯ ಮಿದುಳು ಮತ್ತು ಕರುಳಿನಿಂದ ತೆಗೆದ ಸಾರ ಪರೀಕ್ಷಿಸುತ್ತಿದ್ದರು. ಅದರಲ್ಲಿದ್ದ ಏನೋ ಒಂದು ರಕ್ತದೊತ್ತಡ ಇಳಿಸುತ್ತಿತ್ತು, ಕರುಳನ್ನು ಹಿಂಡುತ್ತಿತ್ತು. ಅದಕ್ಕೆ 'ಸಬ್‌ಸ್ಟೆನ್ಸ್ ಪಿ' ಎಂದು ಹೆಸರಾಯಿತು. ಮಿದುಳಿನಲ್ಲೂ ಕರುಳಿನಲ್ಲೂ ಒಂದೇ ವಸ್ತು ಸಿಕ್ಕಿದ್ದೇ ದೊಡ್ಡ ಸುಳಿವು. ಆದರೆ ಅದು 11 ಅಮೈನೋ ಆಮ್ಲಗಳ ಪೆಪ್ಟೈಡ್ ಎಂದು ಬಿಡಿಸಿ ಹೇಳಲು ಸುಮಾರು 40 ವರ್ಷ ಬೇಕಾಯಿತು. ಆ ಕೆಲಸ ಮಾಡಿದ್ದು ಸೂಸನ್ ಲೀಮನ್ ಮತ್ತು ಅವರ ತಂಡ.

ಇಷ್ಟು ತಡವೇಕೆ? ಪೆಪ್ಟೈಡ್‌ಗಳು ಮಿದುಳಲ್ಲಿ ಇರುವುದು ತೀರಾ ಕಡಿಮೆ ಪ್ರಮಾಣದಲ್ಲಿ. ರೋಜೆ ಗಿಯೆಮಾ ಮತ್ತು ಆಂಡ್ರ್ಯೂ ಶಾಲಿ ಎಂಬ ಇಬ್ಬರು ವಿಜ್ಞಾನಿಗಳು ಪೈಪೋಟಿಯಿಂದ ಟಿಆರ್‌ಎಚ್ ಹುಡುಕುತ್ತಿದ್ದರು. ಒಬ್ಬರು ಕುರಿಗಳ, ಇನ್ನೊಬ್ಬರು ಹಂದಿಗಳ ಹೈಪೋಥಲಾಮಸ್ ತುಣುಕುಗಳನ್ನು ಲಕ್ಷಗಟ್ಟಲೆ ಸಂಗ್ರಹಿಸಿದರು. ಅಷ್ಟರಿಂದ ಸಿಕ್ಕಿದ್ದು ಮಿಲಿಗ್ರಾಂ ಲೆಕ್ಕದ ವಸ್ತು. 1969ರಲ್ಲಿ ಎರಡೂ ತಂಡಗಳು ಟಿಆರ್‌ಎಚ್ ರಚನೆ ಬಿಡಿಸಿದವು. 1977ರಲ್ಲಿ ಇಬ್ಬರಿಗೂ ನೊಬೆಲ್ ಬಂತು. ರಕ್ತದಲ್ಲಿ ಇಂಥ ಅಲ್ಪ ಪ್ರಮಾಣದ ಹಾರ್ಮೋನ್ ಅಳೆಯುವ ವಿಧಾನ ರೂಪಿಸಿದ ರೊಸಾಲಿನ್ ಯಾಲೋ ಅವರೂ ಅದೇ ವರ್ಷ ಆ ಬಹುಮಾನ ಹಂಚಿಕೊಂಡರು.

ನೋವು: ಕೂಗುವವರೂ ಉಂಟು, ತಣಿಸುವವರೂ ಉಂಟು

ಬೆರಳು ಸುಟ್ಟಿತು ಅಂದುಕೊಳ್ಳಿ. ಚರ್ಮದಲ್ಲಿರುವ ನೋವಿನ ನರ ಬೆನ್ನುಹುರಿಗೆ ಸುದ್ದಿ ಮುಟ್ಟಿಸುತ್ತದೆ. ಅಲ್ಲಿ ಗ್ಲುಟಮೇಟ್ ಜೊತೆ ಸಬ್‌ಸ್ಟೆನ್ಸ್ ಪಿ ಮತ್ತು ಸಿಜಿಆರ್‌ಪಿ ಎಂಬ ಪೆಪ್ಟೈಡ್‌ಗಳನ್ನು ಬಿಡುತ್ತದೆ. ಇವು ನೋವಿನ ಸಂದೇಶವನ್ನು ಜೋರು ಮಾಡುತ್ತವೆ, ಹೆಚ್ಚು ಹೊತ್ತು ಉಳಿಸುತ್ತವೆ. ಇಲ್ಲೊಂದು ವಿಶೇಷ. ಇದೇ ನರ ತನ್ನ ಇನ್ನೊಂದು ತುದಿಯಲ್ಲಿ, ಅಂದರೆ ಚರ್ಮದಲ್ಲೂ ಇದೇ ಪೆಪ್ಟೈಡ್‌ಗಳನ್ನು ಬಿಡುತ್ತದೆ. ಅಲ್ಲಿ ಇವು ರಕ್ತನಾಳ ಹಿಗ್ಗಿಸುತ್ತವೆ, ನಾಳಗಳಿಂದ ದ್ರವ ಸೋರುವಂತೆ ಮಾಡುತ್ತವೆ. ಸುಟ್ಟ ಜಾಗದ ಸುತ್ತ ಕೆಂಪಾಗಿ ಊದಿಕೊಳ್ಳುವುದರಲ್ಲಿ ಇವುಗಳ ಪಾಲಿದೆ. ಒಂದೇ ನರ, ಒಂದೇ ಪೆಪ್ಟೈಡ್. ಒಂದು ತುದಿಯಲ್ಲಿ ನೋವು, ಇನ್ನೊಂದು ತುದಿಯಲ್ಲಿ ಊತ.

ಸಬ್‌ಸ್ಟೆನ್ಸ್ ಪಿ ನೋವಿನ ಪೆಪ್ಟೈಡ್ ಎಂದು ಹೆಸರಾದ ಮೇಲೆ ಔಷಧ ಕಂಪನಿಗಳು ಅದರ ರಿಸೆಪ್ಟರ್ ಮುಚ್ಚುವ ಮಾತ್ರೆಗಳನ್ನು ಮಾಡಿದವು. ಪ್ರಾಣಿಗಳಲ್ಲಿ ಒಳ್ಳೆಯ ಫಲಿತಾಂಶ ಬಂತು. ಮನುಷ್ಯರಲ್ಲಿ ನೋವು ಕಡಿಮೆಯಾಗಲೇ ಇಲ್ಲ. ನೋವಿಗೆ ಒಂದೇ ದಾರಿ ಇಲ್ಲವಲ್ಲ, ಒಂದು ಮುಚ್ಚಿದರೆ ಉಳಿದವು ತೆರೆದೇ ಇದ್ದವು. ಆದರೆ ವಾಂತಿ ಬರಿಸುವ ಮಿದುಳಿನ ಭಾಗದಲ್ಲೂ ಅದೇ ರಿಸೆಪ್ಟರ್ ಇದೆ. ಹೀಗೆ ಈ ಗುಂಪಿನ ಅಪ್ರೆಪಿಟೆಂಟ್ ಎಂಬ ಔಷಧಕ್ಕೆ 2003ರಲ್ಲಿ ಅಮೆರಿಕದಲ್ಲಿ ಅನುಮತಿ ಸಿಕ್ಕಿತು. ಕ್ಯಾನ್ಸರ್‌ಗೆ ಕೀಮೋಥೆರಪಿ ಪಡೆಯುವವರ ವಾಂತಿ ತಡೆಯಲು ಅದನ್ನು ಇಂದಿಗೂ ಕೊಡುತ್ತಾರೆ.

ಸಿಜಿಆರ್‌ಪಿ ಕತೆ ಬೇರೆಯಾಯಿತು. ಮೈಗ್ರೇನ್ ಇರುವವರ ರಕ್ತಕ್ಕೆ ಸಿಜಿಆರ್‌ಪಿ ಹರಿಸಿದರೆ ಅವರಲ್ಲಿ ಅನೇಕರಿಗೆ ಮೈಗ್ರೇನ್ ಶುರುವಾಗುತ್ತದೆ ಎಂದು ಪ್ರಯೋಗಗಳು ತೋರಿಸಿದವು. ಮುಖ, ತಲೆಯ ಹೊದಿಕೆಗಳ ನೋವನ್ನು ಹೊತ್ತೊಯ್ಯುವ ಟ್ರೈಜೆಮಿನಲ್ ನರದಲ್ಲಿ ಈ ಪೆಪ್ಟೈಡ್ ಹೇರಳ. ಅದನ್ನೋ ಅದರ ರಿಸೆಪ್ಟರನ್ನೋ ಕಟ್ಟಿಹಾಕುವ ಪ್ರತಿಕಾಯಗಳು ತಯಾರಾದವು. ಮೊದಲನೆಯದಾದ ಎರೆನುಮ್ಯಾಬ್‌ಗೆ 2018ರಲ್ಲಿ ಅನುಮತಿ ಬಂತು. ಇದನ್ನು ತಿಂಗಳಿಗೊಮ್ಮೆ ಚುಚ್ಚಿಕೊಳ್ಳುತ್ತಾರೆ. ಮೈಗ್ರೇನ್ ದಿನಗಳು ಪೂರ್ತಿ ನಿಲ್ಲದಿದ್ದರೂ ಅನೇಕರಿಗೆ ಕಡಿಮೆಯಾಗುತ್ತವೆ. ಈ ಔಷಧದ ಒಂದು ಅಡ್ಡಪರಿಣಾಮ ಮಲಬದ್ಧತೆ. ತಲೆನೋವಿನ ಮದ್ದಿಗೆ ಹೊಟ್ಟೆ ಏಕೆ ಕಟ್ಟಬೇಕು? ಸಿಜಿಆರ್‌ಪಿ ಕರುಳಿನ ನರಗಳಲ್ಲೂ ಇದೆ, ಅದಕ್ಕೆ.

ಇನ್ನು ತಣಿಸುವ ಪೆಪ್ಟೈಡ್‌ಗಳು. ಗಸಗಸೆ ಗಿಡದಿಂದ ಬರುವ ಮಾರ್ಫಿನ್ ನೋವು ಕಡಿಮೆ ಮಾಡುತ್ತದೆ ಎಂದು ಬಹಳ ಹಿಂದಿನಿಂದ ಗೊತ್ತಿತ್ತು. 1973ರಲ್ಲಿ ಮಿದುಳಲ್ಲಿ ಅದಕ್ಕೆ ಹೊಂದುವ ರಿಸೆಪ್ಟರ್ ಇರುವುದು ಖಚಿತವಾಯಿತು. ಆಗ ಒಂದು ಪ್ರಶ್ನೆ ಎದ್ದಿತು. ಯಾವುದೋ ಗಿಡದ ಹಾಲಿಗೆ ಹೊಂದುವ ರಿಸೆಪ್ಟರ್ ನಮ್ಮ ಮಿದುಳಲ್ಲಿ ಏಕಿದೆ? ಮಿದುಳೇ ಅಂಥದ್ದೊಂದನ್ನು ತಯಾರಿಸುತ್ತಿರಬೇಕು. 1975ರಲ್ಲಿ ಸ್ಕಾಟ್ಲೆಂಡ್‌ನ ಅಬರ್ಡೀನ್‌ನಲ್ಲಿ ಜಾನ್ ಹ್ಯೂಸ್ ಮತ್ತು ಹಾನ್ಸ್ ಕೋಸ್ಟರ್‌ಲಿಟ್ಜ್ ಹಂದಿಯ ಮಿದುಳಿನಿಂದ ಎರಡು ಎನ್ಕೆಫಲಿನ್‌ಗಳನ್ನು ಬೇರ್ಪಡಿಸಿದರು. ಎಂಡಾರ್ಫಿನ್‌ಗಳೂ ಬೆನ್ನಿಗೇ ಸಿಕ್ಕವು.

ಮದ್ದಿಲ್ಲದ ಸಕ್ಕರೆ ಗುಳಿಗೆ ನುಂಗಿಯೂ ಕೆಲವರಿಗೆ ನೋವು ಇಳಿಯುತ್ತದೆ. ಅದು ಬರೀ ಭ್ರಮೆ ಎಂದು ತಳ್ಳಿಹಾಕುವವರು ಇದನ್ನು ಓದಬೇಕು. 1978ರಲ್ಲಿ ಹಲ್ಲು ಕೀಳಿಸಿಕೊಂಡವರ ಮೇಲೆ ನಡೆದ ಅಧ್ಯಯನದಲ್ಲಿ, ಮಾರ್ಫಿನ್‌ಗೆ ಹೊಂದುವ ಓಪಿಯಾಯ್ಡ್ ರಿಸೆಪ್ಟರ್ ಮುಚ್ಚುವ ನಲಾಕ್ಸೋನ್ ಎಂಬ ಔಷಧ ಕೊಟ್ಟಾಗ ಈ ಹುಸಿ ಮದ್ದಿನ ಪರಿಣಾಮ ಕುಗ್ಗಿತು. ಅಂದರೆ ಆ ನಂಬಿಕೆ ಮಿದುಳಿನ ಸ್ವಂತ ಪೆಪ್ಟೈಡ್‌ಗಳ ಮೂಲಕ ನಿಜವಾಗಿಯೂ ಕೆಲಸ ಮಾಡುತ್ತಿತ್ತು.

ಆಕ್ಸಿಟೋಸಿನ್ 'ಪ್ರೀತಿಯ ಹಾರ್ಮೋನ್' ಹೌದೇ?

1906ರಲ್ಲಿ ಹೆನ್ರಿ ಡೇಲ್, ಪಿಟ್ಯುಟರಿಯ ಹಿಂಭಾಗದ ಸಾರ ಗರ್ಭಕೋಶವನ್ನು ಸಂಕುಚಿಸುತ್ತದೆ ಎಂದು ಕಂಡುಕೊಂಡರು. 1953ರಲ್ಲಿ ವಿನ್ಸೆಂಟ್ ದು ವಿನ್ಯೋ, ಆ ಸಾರದಲ್ಲಿದ್ದ ಆಕ್ಸಿಟೋಸಿನ್‌ನ ರಚನೆ ಬಿಡಿಸಿ, ಪ್ರಯೋಗಾಲಯದಲ್ಲೇ ತಯಾರಿಸಿದರು. 1955ರ ರಸಾಯನ ವಿಜ್ಞಾನದ ನೊಬೆಲ್ ಅವರಿಗೆ ಸಿಕ್ಕಿತು.

ದೇಹದಲ್ಲಿ ಇದರ ಕೆಲಸ ಸ್ಪಷ್ಟ. ಹೆರಿಗೆಯಲ್ಲಿ ಮಗು ಕೆಳಗೆ ಒತ್ತಿದಷ್ಟೂ ಆಕ್ಸಿಟೋಸಿನ್ ಜಾಸ್ತಿ ಬರುತ್ತದೆ, ಅದು ಬಂದಷ್ಟೂ ಗರ್ಭಕೋಶ ಇನ್ನೂ ಬಿಗಿಯುತ್ತದೆ. ಮಗು ಹುಟ್ಟಿದ ಮೇಲಷ್ಟೇ ಈ ಸುತ್ತು ನಿಲ್ಲುವುದು. ಆಮೇಲೆ ಮಗು ಮೊಲೆಗೆ ಬಾಯಿ ಹಾಕಿದಾಗ ಹಾಲು ಇಳಿಸುವುದೂ ಇದೇ. ಮಗುವಿನ ಅಳು ಕೇಳಿದರೇ ಹಾಲು ಇಳಿಯುವ ತಾಯಂದಿರೂ ಇದ್ದಾರೆ. ಹೆರಿಗೆಯ ನಂತರದ ರಕ್ತಸ್ರಾವ ತಡೆಯಲು ಕೊಡುವ ಆಕ್ಸಿಟೋಸಿನ್ ಚುಚ್ಚುಮದ್ದು ಲೆಕ್ಕವಿಲ್ಲದಷ್ಟು ಜೀವ ಉಳಿಸಿದೆ. ಇಷ್ಟು ಬೆಲೆಯುಳ್ಳ ಕೆಲಸ ಸುದ್ದಿಯಾಗುವುದೇ ಕಡಿಮೆ.

ಸುದ್ದಿಯಾಗುವುದು ಮಿದುಳಿನ ಕಡೆಯ ಕತೆ. ಒಂದೇ ಜೋಡಿಯಾಗಿ ಬಾಳುವ ಪ್ರೇರಿ ವೋಲ್ ಎಂಬ ಇಲಿಯಂಥ ಪ್ರಾಣಿಗಳಲ್ಲಿ ಆಕ್ಸಿಟೋಸಿನ್ ತಡೆದರೆ ಜೋಡಿ ಬೀಳುವುದು ಕೆಡುತ್ತದೆ ಎಂದು ಹಲವು ಪ್ರಯೋಗಗಳು ತೋರಿಸಿದ್ದವು. ಅಲ್ಲಿಂದ 'ಪ್ರೀತಿಯ ಹಾರ್ಮೋನ್' ಹುಟ್ಟಿತು. ಆದರೆ 2023ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ, ಹುಟ್ಟಿನಿಂದಲೇ ಆಕ್ಸಿಟೋಸಿನ್ ರಿಸೆಪ್ಟರ್ ಇಲ್ಲದಂತೆ ಮಾಡಿದ ವೋಲ್‌ಗಳೂ ಜೋಡಿ ಕಟ್ಟಿದವು, ಮರಿ ಸಾಕಿದವು. ಆಟಿಸಂ ಇರುವ ಮಕ್ಕಳಿಗೆ ಮೂಗಿನ ಮೂಲಕ ಆಕ್ಸಿಟೋಸಿನ್ ಕೊಟ್ಟ ದೊಡ್ಡ ಪ್ರಯೋಗವೊಂದು 2021ರಲ್ಲಿ ಪ್ರಕಟವಾಯಿತು. ಮಕ್ಕಳ ಬೆರೆಯುವ ನಡವಳಿಕೆಯಲ್ಲಿ, ಹುಸಿ ಮದ್ದಿಗೆ ಹೋಲಿಸಿದರೆ ಗಮನಾರ್ಹ ವ್ಯತ್ಯಾಸ ಕಾಣಲಿಲ್ಲ. ಆಕ್ಸಿಟೋಸಿನ್‌ಗೂ ಬಾಂಧವ್ಯಕ್ಕೂ ನಂಟೇ ಇಲ್ಲ ಎಂದು ಇದರ ಅರ್ಥವಲ್ಲ. ಅಷ್ಟು ದೊಡ್ಡ ಭಾವನೆಯನ್ನು ಒಂಬತ್ತು ಅಮೈನೋ ಆಮ್ಲಗಳ ಹೆಗಲಿಗೆ ಹೊರಿಸುವುದು ಸರಿಯಲ್ಲ, ಅಷ್ಟೇ.

ಎಚ್ಚರವಾಗಿಡುವ ಪೆಪ್ಟೈಡ್

ಒರೆಕ್ಸಿನ್ ಅನ್ನು 1998ರಲ್ಲಿ ಎರಡು ತಂಡಗಳು ಬೇರೆ ಬೇರೆಯಾಗಿ ಕಂಡುಹಿಡಿದವು. ಇಲಿಗಳ ಮಿದುಳಿಗೆ ಕೊಟ್ಟಾಗ ಅವು ಜಾಸ್ತಿ ತಿಂದವು. ಹಾಗಾಗಿ ಮೊದಲು ಇದು ಹಸಿವಿನ ಪೆಪ್ಟೈಡ್ ಅನ್ನಿಸಿತ್ತು. ಮರುವರ್ಷವೇ ಚಿತ್ರ ಬದಲಾಯಿತು. ಇದ್ದಕ್ಕಿದ್ದಂತೆ ನಿದ್ದೆಗೆ ಜಾರುವ ನಾರ್ಕೊಲೆಪ್ಸಿ ಇದ್ದ ನಾಯಿಗಳಲ್ಲಿ ಒರೆಕ್ಸಿನ್ ರಿಸೆಪ್ಟರ್ ಕೆಟ್ಟಿರುವುದು ಗೊತ್ತಾಯಿತು. 2000ದಲ್ಲಿ ಮನುಷ್ಯರ ವಿಷಯವೂ ತಿಳಿಯಿತು. ನಮ್ಮ ಮಿದುಳಲ್ಲಿ ಒರೆಕ್ಸಿನ್ ತಯಾರಿಸುವ ನರಕೋಶಗಳು ಕೆಲವು ಹತ್ತು ಸಾವಿರಗಳಷ್ಟೇ. ನಾರ್ಕೊಲೆಪ್ಸಿಯ ಮುಖ್ಯ ಬಗೆಯಲ್ಲಿ ಅವುಗಳಲ್ಲಿ ಹೆಚ್ಚಿನವು ನಾಶವಾಗಿರುತ್ತವೆ. ಇಂಥವರು ಮಾತಿನ ಮಧ್ಯೆ ನಿದ್ದೆಗೆ ಜಾರಬಹುದು. ಜೋರಾಗಿ ನಕ್ಕಾಗ ಮೈಯ ಬಲವೆಲ್ಲ ಹೋಗಿ ಕುಸಿಯಬಹುದು. ಸೋಮಾರಿತನ ಎಂದು ಬೈಸಿಕೊಂಡವರಿಗೆ, ಮಿದುಳಿನ ಒಂದು ಪುಟ್ಟ ಕೋಶಗುಂಪು ಇಲ್ಲದಿರುವುದೇ ಕಾರಣ ಎಂದು ತಿಳಿದದ್ದು ಸಣ್ಣ ಸಮಾಧಾನವಲ್ಲ.

ಇದೇ ತಿಳುವಳಿಕೆ ತಿರುಗುಮುರುಗಾಗಿ ನಿದ್ದೆ ಬಾರದವರ ನೆರವಿಗೆ ಬಂತು. ಒರೆಕ್ಸಿನ್ ರಿಸೆಪ್ಟರ್ ಮುಚ್ಚುವ ಸುವೊರೆಕ್ಸೆಂಟ್ ಎಂಬ ಮಾತ್ರೆಗೆ 2014ರಲ್ಲಿ ಅಮೆರಿಕದಲ್ಲಿ ಅನುಮತಿ ಸಿಕ್ಕಿತು. ಹಳೆಯ ಮಾತ್ರೆಗಳು ಮಿದುಳನ್ನು ಒಟ್ಟಾರೆ ಮಂಕುಗೊಳಿಸುತ್ತವೆ. ಇದು 'ಎಚ್ಚರವಾಗಿರು' ಎನ್ನುವ ಸಂದೇಶವನ್ನಷ್ಟೇ ತಡೆಯುತ್ತದೆ.

ಹಸಿವು ಮತ್ತು ವಾರದ ಚುಚ್ಚುಮದ್ದು

ಹಸಿವು ಅನ್ನುವುದು ಹೊಟ್ಟೆ ಮತ್ತು ಮಿದುಳು ಪೆಪ್ಟೈಡ್‌ಗಳ ಮೂಲಕ ಸದಾ ನಡೆಸುವ ಮಾತುಕತೆ. ಖಾಲಿ ಹೊಟ್ಟೆಯಿಂದ ಗ್ರೆಲಿನ್ ಹೊರಡುತ್ತದೆ. ಮಿದುಳಲ್ಲಿ ನ್ಯೂರೋಪೆಪ್ಟೈಡ್ ವೈ ಏರುತ್ತದೆ, ತಿನ್ನಬೇಕು ಅನ್ನಿಸುತ್ತದೆ. ಊಟವಾದ ಮೇಲೆ ಕರುಳಿನ ಕೋಶಗಳು ಜಿಎಲ್‌ಪಿ-1 ಬಿಡುತ್ತವೆ. ಇದು ಮೇದೋಜೀರಕ ಗ್ರಂಥಿಗೆ ಇನ್ಸುಲಿನ್ ಬಿಡಲು ಹೇಳುತ್ತದೆ. ಅದೂ ರಕ್ತದಲ್ಲಿ ಸಕ್ಕರೆ ಏರಿದ್ದಾಗ ಮಾತ್ರ. ಹೊಟ್ಟೆ ಖಾಲಿಯಾಗುವುದನ್ನು ನಿಧಾನ ಮಾಡುತ್ತದೆ. ಮಿದುಳಿನ ಕಾಂಡದಲ್ಲಿರುವ ಕೆಲವು ನರಕೋಶಗಳೂ ಇದೇ ಜಿಎಲ್‌ಪಿ-1 ತಯಾರಿಸುತ್ತವೆ. ಅಲ್ಲಿ ಅದರ ಸಂದೇಶ 'ಸಾಕು' ಎಂದು.

ಸಕ್ಕರೆ ಕಾಯಿಲೆಗೆ ಇದು ಒಳ್ಳೆಯ ಔಷಧ ಆಗಬಹುದಿತ್ತು. ತೊಡಕು ಒಂದೇ. ರಕ್ತದಲ್ಲಿ ಒಂದೆರಡು ನಿಮಿಷದಲ್ಲಿ ಇದರ ಅರ್ಧ ಪಾಲು ನಾಶವಾಗುತ್ತದೆ. ಡಿಪಿಪಿ-4 ಎಂಬ ಕಿಣ್ವ ಇದರ ತುದಿ ಕತ್ತರಿಸಿಬಿಡುತ್ತದೆ. ಪರಿಹಾರದ ಮೊದಲ ಸುಳಿವು ಬಂದಿದ್ದು ಹೀಲಾ ಮಾನ್‌ಸ್ಟರ್ ಎಂಬ ಮರುಭೂಮಿಯ ಹಲ್ಲಿಯ ವಿಷದಿಂದ. ಅದರಲ್ಲಿದ್ದ ಎಕ್ಸೆಂಡಿನ್-4 ಎಂಬ ಪೆಪ್ಟೈಡ್, ಜಿಎಲ್‌ಪಿ-1ರ ರಿಸೆಪ್ಟರನ್ನೇ ತಟ್ಟುತ್ತದೆ, ಆದರೆ ಆ ಕಿಣ್ವಕ್ಕೆ ಸುಲಭಕ್ಕೆ ಬಗ್ಗುವುದಿಲ್ಲ. ಅದೇ 2005ರಲ್ಲಿ ಎಕ್ಸೆನಟೈಡ್ ಎಂಬ ಔಷಧವಾಯಿತು.

ಈಗ ಮಾತಾಗಿರುವ ಸೆಮಾಗ್ಲುಟೈಡ್ ಮನುಷ್ಯನ ಜಿಎಲ್‌ಪಿ-1ರನ್ನೇ ತಿದ್ದಿ ಮಾಡಿದ್ದು. ಕಿಣ್ವ ಕತ್ತರಿಸುವ ಜಾಗದಲ್ಲಿ ಒಂದು ಅಮೈನೋ ಆಮ್ಲ ಬದಲಿಸಿದ್ದಾರೆ. ಜೊತೆಗೆ ಒಂದು ಕೊಬ್ಬಿನ ಸರಪಳಿ ಅಂಟಿಸಿದ್ದಾರೆ. ಅದು ರಕ್ತದ ಆಲ್ಬುಮಿನ್ ಪ್ರೋಟೀನ್‌ಗೆ ಅಂಟಿಕೊಂಡು ತೇಲುತ್ತದೆ. ಹಾಗಾಗಿ ಅರ್ಧ ಖರ್ಚಾಗಲು ಸುಮಾರು ಒಂದು ವಾರ ಬೇಕು. ವಾರಕ್ಕೊಂದೇ ಚುಚ್ಚುಮದ್ದು ಸಾಕಾಗುವುದು ಇದರಿಂದ.

ಸಕ್ಕರೆ ಕಾಯಿಲೆ ಇಲ್ಲದ ದಪ್ಪ ಮೈಯವರ ಮೇಲೆ ನಡೆದ, 2021ರಲ್ಲಿ ಪ್ರಕಟವಾದ ಪ್ರಯೋಗದಲ್ಲಿ 68 ವಾರಗಳಲ್ಲಿ ಸರಾಸರಿ ಸುಮಾರು 15 ಶೇಕಡಾ ತೂಕ ಇಳಿಯಿತು. ನಿಲ್ಲಿಸಿದ ಮೇಲೆ? ಅದೇ ಪ್ರಯೋಗದ ಕೆಲವರನ್ನು ಒಂದು ವರ್ಷ ಗಮನಿಸಿದಾಗ, ಇಳಿದ ತೂಕದ ಮೂರನೇ ಎರಡು ಭಾಗ ಮರಳಿತ್ತು. ಇದನ್ನು ಮನಸ್ಸಿನ ಬಲಹೀನತೆ ಅನ್ನುವುದು ಅನ್ಯಾಯ. ಹೊರಗಿನಿಂದ ಬರುತ್ತಿದ್ದ ಸಂದೇಶ ನಿಂತಿತು, ಒಳಗಿನ ಹಸಿವಿನ ಸಂದೇಶಗಳು ತಮ್ಮ ಕೆಲಸ ಮುಂದುವರಿಸಿದವು.

ವಾಕರಿಕೆ, ವಾಂತಿ ಈ ಔಷಧದ ಸಾಮಾನ್ಯ ಅಡ್ಡಪರಿಣಾಮಗಳು. ಹೊಟ್ಟೆ ನಿಧಾನವಾಗುವುದು ಒಂದು ಕಾರಣ. ಮಿದುಳಿನ ಕಾಂಡದಲ್ಲಿ ವಾಕರಿಕೆಗೆ ಸಂಬಂಧಿಸಿದ ಭಾಗದಲ್ಲೂ ಇದರ ರಿಸೆಪ್ಟರ್ ಇರುವುದು ಇನ್ನೊಂದು.

ಔಷಧವಾಗಿಸುವುದು ಏಕೆ ಕಷ್ಟ?

ಪೆಪ್ಟೈಡನ್ನು ನುಂಗಿದರೆ ಹೊಟ್ಟೆ ಅದನ್ನು ಆಹಾರದ ಪ್ರೋಟೀನ್‌ನಂತೆ ಜೀರ್ಣಿಸಿಕೊಳ್ಳುತ್ತದೆ. ಅದಕ್ಕೇ ಇವುಗಳಲ್ಲಿ ಹೆಚ್ಚಿನವು ಚುಚ್ಚುಮದ್ದು. ಸೆಮಾಗ್ಲುಟೈಡ್‌ನ ಮಾತ್ರೆ 2019ರಲ್ಲಿ ಬಂತಾದರೂ, ಅದಕ್ಕೆ ಹೀರಿಕೆ ಹೆಚ್ಚಿಸುವ ಇನ್ನೊಂದು ವಸ್ತು ಸೇರಿಸಬೇಕಾಯಿತು. ಅಷ್ಟು ಮಾಡಿಯೂ ರಕ್ತ ಸೇರುವುದು ಚಿಕ್ಕ ಪಾಲು ಮಾತ್ರ. ಖಾಲಿ ಹೊಟ್ಟೆಯಲ್ಲಿ, ಸ್ವಲ್ಪವೇ ನೀರಿನ ಜೊತೆ ತೆಗೆದುಕೊಳ್ಳಬೇಕೆಂಬ ನಿಯಮ ಇರುವುದೂ ಅದಕ್ಕೇ.

ರಕ್ತಕ್ಕೆ ಸೇರಿದರೂ ಮಿದುಳಿಗೆ ಸೇರುವ ಖಾತ್ರಿ ಇಲ್ಲ. ಮಿದುಳಿನ ರಕ್ತನಾಳಗಳ ಗೋಡೆ ತುಂಬಾ ಬಿಗಿ. ಹೆಚ್ಚಿನ ಪೆಪ್ಟೈಡ್‌ಗಳನ್ನು ಅದು ಒಳಗೆ ಬಿಡುವುದಿಲ್ಲ. ಓಡಿದ ಮೇಲೆ ಸಿಗುವ ಹಿತ ಎಂಡಾರ್ಫಿನ್‌ನಿಂದ ಎಂಬ ಮಾತು ಜನಪ್ರಿಯ. ಆದರೆ ಓಡಿದಾಗ ರಕ್ತದಲ್ಲಿ ಏರುವ ಎಂಡಾರ್ಫಿನ್ ಈ ಗೋಡೆ ದಾಟುವುದು ಕಷ್ಟ. ಆ ಹಿತದಲ್ಲಿ ಎಂಡೊಕ್ಯಾನಬಿನಾಯ್ಡ್ ಎಂಬ ಬೇರೆ ಅಣುಗಳ ಪಾಲಿರುವುದಕ್ಕೆ ಪುರಾವೆಗಳು ಹೆಚ್ಚುತ್ತಿವೆ. ರಕ್ತ ಪರೀಕ್ಷೆಯಲ್ಲಿ ಯಾವುದೋ ಪೆಪ್ಟೈಡ್ ಜಾಸ್ತಿ ಇದೆ ಅಂದಾಕ್ಷಣ ಮಿದುಳಲ್ಲೂ ಜಾಸ್ತಿ ಇದೆ ಎಂದುಕೊಳ್ಳಬಾರದು.

ಆನ್‌ಲೈನ್ ಸೀಸೆಗಳ ವಿಷಯ

'ಸಂಶೋಧನೆಗೆ ಮಾತ್ರ, ಮನುಷ್ಯರಿಗಲ್ಲ' ಎಂದು ಬರೆದು ಮಾರುವ ಪುಡಿಗಳನ್ನು ಮನೆಯಲ್ಲೇ ಕಲಸಿ ಚುಚ್ಚಿಕೊಳ್ಳುವವರು ಹೆಚ್ಚುತ್ತಿದ್ದಾರೆ. ಗಾಯ ಮಾಯಿಸುತ್ತದೆ ಎಂದು ಮಾರುವ ಬಿಪಿಸಿ-157 ಅಂಥದ್ದರಲ್ಲಿ ಹೆಸರಾದದ್ದು. ಅದರ ಪರವಾಗಿ ಹೇಳುವ ಫಲಿತಾಂಶಗಳು ಬಹುಪಾಲು ಪ್ರಾಣಿಗಳ ಮೇಲಿನ ಪ್ರಯೋಗಗಳಿಂದ ಬಂದವು. ಮನುಷ್ಯರ ಮೇಲಿನ ಪರೀಕ್ಷೆಗಳು ತೀರಾ ಕಡಿಮೆ. ಸಬ್‌ಸ್ಟೆನ್ಸ್ ಪಿ ತಡೆಯುವ ಮಾತ್ರೆಗಳು ಪ್ರಾಣಿಗಳಲ್ಲಿ ಗೆದ್ದು ಮನುಷ್ಯರಲ್ಲಿ ಸೋತಿದ್ದು ನೆನಪಿರಲಿ. ಸೀಸೆಯೊಳಗೆ ಹೆಸರಿನಲ್ಲಿರುವ ಪೆಪ್ಟೈಡೇ ಇದೆಯೇ, ಎಷ್ಟಿದೆ, ಶುದ್ಧವಾಗಿದೆಯೇ ಎಂದು ನೋಡುವವರು ಯಾರೂ ಇಲ್ಲ. 'ನಮ್ಮ ದೇಹದಲ್ಲೇ ಇರುವ ವಸ್ತು, ಅಪಾಯವಿಲ್ಲ' ಎಂಬ ಮಾತೂ ನಿಲ್ಲುವುದಿಲ್ಲ. ದೇಹ ಅದನ್ನು ಬೇಕಾದ ಜಾಗದಲ್ಲಿ, ಬೇಕಾದ ಹೊತ್ತಿಗೆ, ಚೂರೇ ಚೂರು ಬಿಡುತ್ತದೆ. ಚುಚ್ಚಿಕೊಂಡದ್ದು ರಕ್ತ ಹರಿಯುವ ಕಡೆಗೆಲ್ಲ ಹೋಗುತ್ತದೆ, ಅದರ ರಿಸೆಪ್ಟರ್ ಎಲ್ಲೆಲ್ಲಿ ಇದೆಯೋ ಅಲ್ಲೆಲ್ಲ ಕೆಲಸ ಮಾಡುತ್ತದೆ.

ವೈದ್ಯರ ಸಲಹೆಯಿಂದ ತೆಗೆದುಕೊಳ್ಳುವವರಿಗೂ ಒಂದು ಮಾತು. ಜಿಎಲ್‌ಪಿ-1 ಬಗೆಯ ಔಷಧ ನಡೆಯುತ್ತಿದ್ದರೆ, ಯಾವುದೇ ಶಸ್ತ್ರಚಿಕಿತ್ಸೆಗೆ ಮುಂಚೆ ಅರಿವಳಿಕೆ ಕೊಡುವ ವೈದ್ಯರಿಗೆ ಅದನ್ನು ತಪ್ಪದೆ ಹೇಳಿ. ಹೊಟ್ಟೆ ನಿಧಾನವಾಗಿ ಖಾಲಿಯಾಗುವುದರಿಂದ, ಉಪವಾಸ ಇದ್ದರೂ ಒಳಗೆ ಆಹಾರ ಉಳಿದಿರಬಹುದು. ಪ್ರಜ್ಞೆ ಇಲ್ಲದಾಗ ಅದು ಮೇಲೆ ಬಂದು ಶ್ವಾಸಕೋಶ ಸೇರುವ ಅಪಾಯ ಇದೆ. ಮೊದಲೇ ಗೊತ್ತಿದ್ದರೆ ಅವರು ಅದಕ್ಕೆ ತಕ್ಕ ಸಿದ್ಧತೆ ಮಾಡಿಕೊಳ್ಳುತ್ತಾರೆ.